ಹಾಸ್ಯದ ಸತ್ಯಾಸತ್ಯ: ಒಂದು ಫ್ರೆಂಚ್ ಚಿತ್ರ ಮತ್ತು ನಮ್ಮ ಸಿದ್ದಿಗಳು

ನಗೆ ನಿರಪಾಯವಾದದ್ದೆಂಬ ಭಾವನೆ ಲೋಕರೂಢಿಯಲ್ಲಿದೆ. ಸಿಟ್ಟಿನಲ್ಲಿ ಆಡಿದ ಮಾತಿಗೆ ಕ್ಷಮೆ ಕೇಳುವ ಸಜ್ಜನರೂ ನಗೆಯಲ್ಲಿ ಆಡಿದ ಮಾತಿಗೆ ಕ್ಷಮೆ ಕೇಳುವುದಿಲ್ಲ. ‘ತಮಾಷೆಗೆ ಅಂದದ್ದು’ ಎಂಬ ಒಂದು ನುಡಿಯಿಂದ ಹೊಣೆಯೆಲ್ಲ ಕಳಚಿತೆಂದು ತಿಳಿಯುತ್ತಾರೆ. ನಮ್ಮ ಪ್ರಾಚೀನರು ಹೀಗೆ ತಿಳಿದಿರಲಿಲ್ಲ. ಭರತನ ನಾಟ್ಯಶಾಸ್ತ್ರವು ವಿಕೃತವಾದ ವೇಷ, ಆಕಾರ, ಮಾತುಗಳಿಂದ ಹಾಸ್ಯ ಹುಟ್ಟುವುದೆಂದು ಹೇಳಿ, ನಗೆಯನ್ನು ಸ್ಮಿತ, ಹಸಿತ, ವಿಹಸಿತ, ಉಪಹಸಿತ, ಅಪಹಸಿತ, ಅತಿಹಸಿತ ಎಂದು ಆರಾಗಿ ವಿಂಗಡಿಸುತ್ತದೆ. ಮೊದಲೆರಡು ಉತ್ತಮರವು, ನಡುವಿನೆರಡು ಮಧ್ಯಮರವು, ಕಡೆಯೆರಡು ಅಧಮರವು. ಆದರೆ ಈ ವಿಂಗಡಣೆಯೆಲ್ಲ ನಗುವವನನ್ನು ಕುರಿತದ್ದು. ನಗೆಗೆ ಈಡಾದವನ ದೃಷ್ಟಿಯಿಂದ ಆ ನಗೆ ಎಂಥದು ಎಂಬ ಪ್ರಶ್ನೆಗೆ ಇದರಲ್ಲಿ ಉತ್ತರ ದೊರೆಯದು.

ಜೈನ ಆಚಾರಶಾಸ್ತ್ರವು ಈ ವಿಷಯವನ್ನು ಬೇರೊಂದು ದಿಕ್ಕಿನಿಂದ ನೋಡಿದೆ. ಅದು ಹಾಸ್ಯವನ್ನು ನೋಕಷಾಯಗಳಲ್ಲಿ ಒಂದಾಗಿ ಎಣಿಸಿದೆ. ಸತ್ಯವ್ರತವನ್ನು ದೃಢಗೊಳಿಸುವ ಭಾವನೆಗಳಲ್ಲಿ ಕ್ರೋಧ, ಲೋಭ, ಭಯಗಳ ತ್ಯಾಗದೊಡನೆ ಹಾಸ್ಯದ ತ್ಯಾಗವನ್ನೂ ಸೇರಿಸಿದೆ. ಇಲ್ಲಿ ಹಾಸ್ಯವನ್ನು ಇರಿಸಿರುವ ಸ್ಥಾನ ವಿಚಾರಯೋಗ್ಯವಾದುದು. ಅದನ್ನು ಅಹಿಂಸೆಯ ಪ್ರಕರಣದಲ್ಲಿ ಇರಿಸಿದ್ದರೆ ‘ಪರರ ಮನಸ್ಸನ್ನು ನೋಯಿಸಬೇಡ’ ಎಂಬ ಸಾಮಾನ್ಯ ಉಪದೇಶವಾಗುತ್ತಿತ್ತು. ಸತ್ಯದ ಪ್ರಕರಣದಲ್ಲಿ ಇರಿಸಿದ್ದರಿಂದ ಅದು ಇನ್ನಷ್ಟು ನಿಷ್ಠುರವಾದ ಮಾತಾಯಿತು. ನಗಿಸುವ ಆತುರದಲ್ಲಿರುವವನು ಸುಳ್ಳಾಡುವ ಸಂಭವ ಹೆಚ್ಚು. ಆದ್ದರಿಂದ ಯಾವುದೇ ಹಾಸ್ಯಕೃತಿಯ ಎದುರು ‘ಇದು ಕ್ರೂರವೇ’ ಎಂದು ಕೇಳುವ ಮೊದಲು ‘ಇದು ನಿಜವೇ’ ಎಂದು ಕೇಳಬಹುದು. ಪ್ರಸ್ತುತ ಲೇಖನದಲ್ಲಿ ಒಂದು ಫ್ರೆಂಚ್ ಚಲನಚಿತ್ರವನ್ನೂ ನಮ್ಮ ಉತ್ತರ ಕನ್ನಡ ಜಿಲ್ಲೆಯ ಸಿದ್ದಿ ಜನರನ್ನು ಕುರಿತು ನಮ್ಮ ರಂಗ ಮತ್ತು ತೆರೆಗಳು ನಡೆದುಕೊಂಡ ಬಗೆಯನ್ನೂ ಈ ಪ್ರಶ್ನೆಯಿಂದ ಪರಿಶೀಲಿಸಲು ಯತ್ನಿಸಲಾಗಿದೆ.

ಮಾರ್ಲಿ-ಗೋಮೊನಿಗೆ ಬಂದ ವೈದ್ಯ

ಜೂಲಿಯನ್ ರಾಂಬಾಲ್ಡಿ ನಿರ್ದೇಶಿಸಿದ ‘ಬ್ಯಾನ್ವನ್ಯೂ ಆ ಮಾರ್ಲಿ-ಗೋಮೊನ್’ 2016ರಲ್ಲಿ ತೆರೆಕಂಡ ಚಿತ್ರ. ‘ಮಾರ್ಲಿ-ಗೋಮೊನಿಗೆ ಸ್ವಾಗತ’ ಎಂಬುದು ಹೆಸರಿನ ಅರ್ಥ. ಇಂಗ್ಲಿಷ್ ಬಲ್ಲ ಪ್ರೇಕ್ಷಕರಿಗೆ ಅದು ‘ದಿ ಆಫ್ರಿಕನ್ ಡಾಕ್ಟರ್’ ಎಂಬ ಹೆಸರಿನಿಂದ ಪರಿಚಿತವಾಗಿದೆ. ಕಥೆ 1975ರಲ್ಲಿ ಆರಂಭವಾಗುತ್ತದೆ. ಝಾಯಿರ್ ದೇಶದ ಸೆಯೋಲೋ ಝಾಂಟೊಕೊ ಉತ್ತರ ಫ್ರಾನ್ಸಿನ ಲೀಲ್ ನಗರದಲ್ಲಿ ವೈದ್ಯಪದವಿ ಪಡೆಯುತ್ತಾನೆ. ತನ್ನ ದೇಶದ ಸರ್ವಾಧಿಕಾರಿ ಮೊಬುಟುವಿನ ಖಾಸಗಿ ವೈದ್ಯನಾಗುವ ಅವಕಾಶ ಒದಗಿದರೂ ಆ ಸಿರಿಯನ್ನು ಒಲ್ಲೆನೆನ್ನುತ್ತಾನೆ. ಬಹುಕಾಲದಿಂದ ವೈದ್ಯರಿಲ್ಲದೆ ಇದ್ದ ಪಿಕಾರ್ಡಿ ಪ್ರಾಂತದ ಮಾರ್ಲಿ-ಗೋಮೊನ್ ಎಂಬ ಪುಟ್ಟ ಹಳ್ಳಿಗೆ ಹೋಗಲು ಒಪ್ಪುತ್ತಾನೆ. ಫ್ರೆಂಚ್ ಪೌರತ್ವ, ಮಕ್ಕಳಿಗೆ ಒಳ್ಳೆಯ ವಿದ್ಯೆ, ಇವು ಅವನ ಆಸೆಗಳು. ‘ಫ್ರಾನ್ಸಿಗೆ ಹೋಗುವುದು’ ಎಂದರೆ ಪ್ಯಾರಿಸ್ಸಿಗೆ ಹೋಗುವುದೆಂದೇ ಭಾವಿಸಿದ ಹೆಂಡತಿ ಮಕ್ಕಳು ಬಂದಿಳಿಯುವುದು ಸುರಿಯುವ ಮಳೆಯಲ್ಲಿ, ಕೆಸರಿನ ದಾರಿಯಲ್ಲಿ.

ಚಿತ್ರದ ಮೊದಲರ್ಧದ ಹಾಸ್ಯ ನಿಜಕ್ಕೂ ಮೆಚ್ಚತಕ್ಕದ್ದು. ಊರಿನವರು ಕಪ್ಪು ಮನುಷ್ಯರನ್ನು ಅದುವರೆಗೆ ಕಂಡವರಲ್ಲ. ವೈದ್ಯ ಬಾಗಿಲು ತೆರೆದು ಕುಳಿತರೂ ರೋಗಿಗಳು ಬರುವುದಿಲ್ಲ. ಜನ ಬಾರದಿದ್ದರೆ ತಾನೇ ಜನರಿದ್ದಲ್ಲಿಗೆ ಹೋಗಬೇಕೆಂದು ಅವನು ಊರಿನ ಪಾನಗೃಹಕ್ಕೆ ಹೋಗಿ ಅವರ ಆಟದಲ್ಲಿ ಸೇರಿಕೊಳ್ಳುತ್ತಾನೆ. ಇಲ್ಲಿ ನಿರ್ದೇಶಕನ ವಿವೇಕವನ್ನು ಗಮನಿಸಬೇಕು. ಹಾಸ್ಯಕ್ಕೆ ಆಧಾರವಾಗಿರುವುದು ವೈದ್ಯನ ಮೈಬಣ್ಣವಲ್ಲ, ಆ ಬಣ್ಣವನ್ನು ಕಂಡು ಊರು ಪಡುವ ಗಾಬರಿ. ವಿಕೃತಿ ಇರುವುದು ಬಂದವನಲ್ಲಿ ಅಲ್ಲ, ನೋಡುವವರ ಕಣ್ಣಿನಲ್ಲಿ ಎಂಬುದನ್ನು ಚಿತ್ರ ಭಾಷಣವಿಲ್ಲದೆ ತಿಳಿಸಿಕೊಡುತ್ತದೆ. ವೈದ್ಯನ ಪಾತ್ರದ ಮಾರ್ಕ್ ಝಿಂಗಾ, ಪತ್ನಿಯ ಪಾತ್ರದ ಆಯಿಸ್ಸಾ ಮಾಯ್ಗಾ ಇಬ್ಬರೂ ತಮ್ಮ ಪಾತ್ರಗಳ ಘನತೆಗೆ ಕುಂದು ಬಾರದಂತೆ ನಗಿಸಿದ್ದಾರೆ. ಇದಕ್ಕೆ ಕಾರಣವೊಂದಿದೆ. ಕಥೆಯು ಕಲ್ಪಿತವಲ್ಲ. ವೈದ್ಯನ ಮಗ ಕಾಮಿನಿ ಝಾಂಟೊಕೊ ಇದರ ಚಿತ್ರಕಥೆಯಲ್ಲಿ ಪಾಲುದಾರ. ತನ್ನ ಬಾಲ್ಯದ ಆ ಹಳ್ಳಿಯ ಮೇಲೆ 2006ರಲ್ಲಿ ಹಾಡು ಕಟ್ಟಿ ಪ್ರಸಿದ್ಧನಾದ ಗಾಯಕನಾತ. ಅನುಭವಿಸಿದವನೇ ನಗುತ್ತ ಹೇಳುತ್ತಿರುವುದರಿಂದ ನಗೆಗೆ ಸತ್ಯದ ಬೆಂಬಲವಿದೆ.

ಆದರೆ ಚಿತ್ರದ ಉತ್ತರಾರ್ಧದಲ್ಲಿ ಎರಡು ವಿಷಯಗಳು ವಿಮರ್ಶೆಗೆ ಒಳಗಾಗಬೇಕು.

ಮೊದಲನೆಯದು, ಸ್ವಾಗತಕ್ಕೆ ಕೊಡಬೇಕಾದ ಬೆಲೆ. ಊರು ವೈದ್ಯನನ್ನು ಒಪ್ಪುವುದು ಒಂದು ಹೆರಿಗೆಯ ಸಂಕಟದಲ್ಲಿ ಅವನು ನೆರವಾದ ಮೇಲೆ. ಅವನ ಕುಟುಂಬವನ್ನು ಕೊಂಡಾಡುವುದು ಮಗಳು ಕಾಲ್ಚೆಂಡಿನ ಆಟದಲ್ಲಿ ಊರಿನ ತಂಡಕ್ಕೆ ಕೀರ್ತಿ ತಂದ ಮೇಲೆ. ಉಪಕಾರ ಪಡೆದವರು ಕೃತಜ್ಞರಾಗುವುದು ಸಹಜವೇ. ಆದರೂ ಪ್ರೇಕ್ಷಕ ತನ್ನನ್ನು ಕೇಳಿಕೊಳ್ಳಬೇಕು: ಅವನು ವೈದ್ಯನಾಗಿರದೆ ಹೊಲದ ಕೂಲಿಯಾಗಿದ್ದರೆ? ಮಗಳಿಗೆ ಕಾಲ್ಚೆಂಡು ಬಾರದೆ ಇದ್ದಿದ್ದರೆ? ಆ ಊರಿನ ಸಾಧಾರಣ ಮನುಷ್ಯನಿಗೆ ಊರಿನವನೆನಿಸಿಕೊಳ್ಳಲು ಯಾವ ಅರ್ಹತೆಯನ್ನೂ ತೋರಿಸಬೇಕಾಗಿಲ್ಲ. ಸೋಮಾರಿಯೂ ಕುಡುಕನೂ ಅಲ್ಲಿ ಊರಿನವರೇ. ಹೊರಗಿನಿಂದ ಬಂದವನು ಮಾತ್ರ ಅಸಾಧಾರಣನಾಗಿದ್ದರೆ ಸಾಧಾರಣರ ಪಂಕ್ತಿಯಲ್ಲಿ ಒಂದು ಮಣೆ ದೊರಕುತ್ತದೆ. ಚಿತ್ರವು ಈ ಅನ್ಯಾಯವನ್ನು ಕಾಣದೆ ಅದನ್ನೇ ಸುಖಾಂತವೆಂದು ಒಪ್ಪಿಸುತ್ತದೆ.

ಎರಡನೆಯದು, ಚಿತ್ರದ ಮೌನ. ಕಿನ್ಶಾಸಾದ ಮನುಷ್ಯನಿಗೆ ಫ್ರೆಂಚ್ ಭಾಷೆ ಎಲ್ಲಿಂದ ಬಂತು? ಕಾಂಗೋ ದೇಶವು 1885ರಿಂದ 1908ರವರೆಗೆ ಬೆಲ್ಜಿಯಮ್ಮಿನ ದೊರೆ ಎರಡನೆಯ ಲಿಯೊಪೋಲ್ಡನ ಸ್ವಂತ ಸೊತ್ತಾಗಿತ್ತು. ರಬ್ಬರಿಗಾಗಿ ಅಲ್ಲಿ ನಡೆದ ಘೋರ ಹಿಂಸೆ ಲೋಕಪ್ರಸಿದ್ಧವಾದುದು. ಬಳಿಕ 1960ರವರೆಗೆ ಅದು ಬೆಲ್ಜಿಯಮ್ ಸರಕಾರದ ವಸಾಹತು. ಸ್ವಾತಂತ್ರ್ಯದ ಐದು ವರ್ಷಗಳ ಬಳಿಕ, 1965ರಲ್ಲಿ, ಮೊಬುಟು ಅಧಿಕಾರ ಹಿಡಿದು 1997ರವರೆಗೆ ಆಳಿದ. ವೈದ್ಯನು ತಾಯ್ನಾಡನ್ನು ಬಿಡಲು ಕಾರಣವಾದ ದುರಾಡಳಿತವೂ ಅವನ ನಾಲಗೆಯ ಮೇಲಿನ ಭಾಷೆಯೂ ಅದೇ ಚರಿತ್ರೆಯ ಫಲಗಳು. ಯುರೋಪು ಮೊದಲು ಅವನ ಮನೆಗೆ ಕರೆಯದೆ ಬಂದಿತ್ತು. ಅನಂತರ ಅವನು ಯುರೋಪಿನ ಬಾಗಿಲಿಗೆ ಬಂದ. ಚಿತ್ರವು ಎರಡನೆಯ ಆಗಮನವನ್ನು ಮಾತ್ರ ಹೇಳಿ ಮೊದಲನೆಯದನ್ನು ಬಿಟ್ಟಿದೆ. ಊರಿನವರ ಅಜ್ಞಾನವನ್ನು ನಗುವ ಚಿತ್ರ ಅವರಿಗಿಂತ ದೊಡ್ಡವರ ಅಪರಾಧವನ್ನು ಮುಟ್ಟುವುದಿಲ್ಲ. ಹಳ್ಳಿಗರನ್ನು ನಗುವುದು ಸುಲಭ, ಸಾಮ್ರಾಜ್ಯವನ್ನು ನಗುವುದು ಕಷ್ಟ.

ನಮ್ಮ ಘಟ್ಟದ ಮೇಲಿನವರು

ಈ ಚಿತ್ರವನ್ನು ಮಲ್ಲಾಪುರದಂಥ ಊರಿನಲ್ಲಿ ಕುಳಿತು ನೋಡುವವರಿಗೆ ಮನಸ್ಸು ತಾನಾಗಿಯೇ ಘಟ್ಟದ ಕಡೆಗೆ ತಿರುಗುತ್ತದೆ. ಕಾರವಾರದಿಂದ ಕಾಳಿ ನದಿಯ ಗುಂಟ ಮಲ್ಲಾಪುರ, ಕೈಗಾಗಳನ್ನು ದಾಟಿ ಘಟ್ಟವೇರುವ ಹೆದ್ದಾರಿ ಯಲ್ಲಾಪುರದತ್ತ ಸಾಗುತ್ತದೆ. ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ, ಜೋಯಿಡಾ ಸೀಮೆಗಳ ಕಾಡಿನ ಅಂಚಿನಲ್ಲಿ ಸಿದ್ದಿಗಳ ಮನೆಗಳಿವೆ. ಅವರ ಪೂರ್ವಜರು ಪೂರ್ವ ಆಫ್ರಿಕಾದಿಂದ ತರಲ್ಪಟ್ಟವರು. 1510ರಿಂದ 1961ರವರೆಗೆ ಗೋವೆಯನ್ನು ಆಳಿದ ಪೋರ್ತುಗೀಸರು ಮೊಝಾಂಬಿಕ್ ಮೊದಲಾದ ಕಡೆಗಳಿಂದ ಗುಲಾಮರನ್ನು ಹಡಗುಗಳಲ್ಲಿ ತಂದು ಮಾರುತ್ತಿದ್ದರು. ಹಾಗೆ ಬಂದವರಲ್ಲಿ ಕೆಲವರು ತಪ್ಪಿಸಿಕೊಂಡು, ಕೆಲವರು ಬಿಡುಗಡೆ ಹೊಂದಿ, ಗಡಿಯಾಚೆಯ ಈ ದಟ್ಟಡವಿಯನ್ನು ಆಶ್ರಯಿಸಿದರು. ಅವರಲ್ಲಿ ಹಿಂದೂಗಳಿದ್ದಾರೆ, ಮುಸಲ್ಮಾನರಿದ್ದಾರೆ, ಕ್ರೈಸ್ತರಿದ್ದಾರೆ. ಮನೆಯ ಮಾತು ಕೊಂಕಣಿಯ ಒಂದು ಬಗೆ, ಹೊರಗಿನ ಮಾತು ಕನ್ನಡ. ಕ್ರೈಸ್ತ ಸಿದ್ದಿಗಳಲ್ಲಿ ಬಸ್ತ್ಯಾಂವ, ಕಾಯ್ತಾನ ಎಂಬಂಥ ಹೆಸರುಗಳು ಕೇಳಿಬರುತ್ತವೆ. ತಮ್ಮ ಪೂರ್ವಜರ ಭಾಷೆಗಳು ನಾಲಗೆಯಿಂದ ಹೋದವು, ಒಡೆಯರ ಹೆಸರುಗಳು ಉಳಿದುಕೊಂಡವು.

ಆಫ್ರಿಕಾದಿಂದ ಕನ್ನಡ ನಾಡಿಗೆ ಬಂದವರೆಲ್ಲ ಕಾಡನ್ನೇ ಸೇರಿದರೆಂದೂ ತಿಳಿಯಬಾರದು. ಬಿಜಾಪುರದ ಆದಿಲಶಾಹಿ ಆಸ್ಥಾನದಲ್ಲಿ ಹಬ್ಶಿ ಸರದಾರರು ಮಂತ್ರಿಪದವಿಯವರೆಗೆ ಏರಿದ್ದರು. ಇಬ್ರಾಹಿಂ ರೋಜಾದ ನಿರ್ಮಾಣದೊಡನೆ ಹೆಸರು ಜೋಡಿಕೊಂಡಿರುವ ಮಲಿಕ್ ಸಂದಲ್ ಹಬ್ಶಿ ಮೂಲದವನು. ಪಕ್ಕದ ಅಹಮದನಗರದಲ್ಲಿ ಗುಲಾಮನಾಗಿ ಬಂದ ಮಲಿಕ್ ಅಂಬರ್ ರಾಜ್ಯವನ್ನೇ ನಡೆಸಿದ. ಅವನು ತೀರಿಕೊಂಡದ್ದು 1626ರಲ್ಲಿ. ನಾವು ಮೆಚ್ಚಿ ನೋಡಲು ಹೋಗುವ ಕಟ್ಟಡದ ಹಿಂದೆ ಆಫ್ರಿಕಾ ಮೂಲದ ಒಬ್ಬನ ಬುದ್ಧಿ ಇದೆಯೆಂದು ನಮ್ಮ ಎಷ್ಟು ಮಂದಿ ಮಕ್ಕಳಿಗೆ ಗೊತ್ತು?

ಇದರಿಂದ ಒಂದು ಮಾತು ಸ್ಪಷ್ಟವಾಗುತ್ತದೆ. ಝಾಂಟೊಕೊ ಕುಟುಂಬ ಮಾರ್ಲಿ-ಗೋಮೊನಿಗೆ ಬಂದ ಅತಿಥಿ. ಸಿದ್ದಿಗಳು ನಮಗೆ ಅತಿಥಿಗಳಲ್ಲ. ತಲೆಮಾರುಗಳ ಲೆಕ್ಕದಲ್ಲಿ ಅವರು ಈ ಜಿಲ್ಲೆಯ ಹಳಬರು. ತೋಟಗಳಲ್ಲಿ ದುಡಿದವರು, ಕಾಡಿನ ಜೇನು ತೆಗೆದವರು, ಹಳೆಯ ಬಟ್ಟೆಯ ತುಂಡುಗಳಿಂದ ಅಂದದ ಕೌದಿ ಹೊಲಿದವರು, ಡಮಾಮ್ ಬಡಿದು ಕುಣಿದವರು. ಉತ್ತರ ಕನ್ನಡ ಜಿಲ್ಲೆಯ ಸಿದ್ದಿಗಳನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಿದ್ದು 2003ರಲ್ಲಿ. ಬೆಳಗಾವಿ, ಧಾರವಾಡ ಜಿಲ್ಲೆಗಳವರಿಗೆ ಆ ಮನ್ನಣೆ ದೊರೆತದ್ದು 2020ರಲ್ಲಿ. ಅದೇ ವರ್ಷ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ನಾಮಕರಣಗೊಂಡು, ರಾಜ್ಯದ ಶಾಸನಸಭೆಯನ್ನು ಪ್ರವೇಶಿಸಿದ ಮೊದಲ ಸಿದ್ದಿ ಎನಿಸಿದರು. ನೂರಾರು ವರ್ಷಗಳ ನೆರೆಹೊರೆಗೆ ಇಷ್ಟು ತಡವಾದ ಮನ್ನಣೆ.

ಓಟ ಮತ್ತು ಅರ್ಹತೆ

ಫ್ರೆಂಚ್ ಚಿತ್ರದಲ್ಲಿ ಕಾಲ್ಚೆಂಡು ಮಾಡಿದ ಕೆಲಸವನ್ನು ನಮ್ಮಲ್ಲಿ ಓಟದ ಸ್ಪರ್ಧೆ ಮಾಡಬೇಕೆಂದು ಒಮ್ಮೆ ನಿರೀಕ್ಷಿಸಲಾಗಿತ್ತು. 1987ರಲ್ಲಿ ಭಾರತ ಕ್ರೀಡಾ ಪ್ರಾಧಿಕಾರವು ತನ್ನ ವಿಶೇಷ ಪ್ರದೇಶ ಕ್ರೀಡಾ ಯೋಜನೆಯ ಅಡಿಯಲ್ಲಿ ಸಿದ್ದಿ ಮಕ್ಕಳನ್ನು ಆರಿಸಿ ತರಬೇತಿ ಕೊಡತೊಡಗಿತು. ಆಫ್ರಿಕಾ ಮೂಲದ ಮೈಕಟ್ಟಿನಲ್ಲಿ ಪದಕಗಳಿವೆಯೆಂಬುದು ಅದರ ಹಿಂದಿನ ವಿಶ್ವಾಸ. ಮಕ್ಕಳಿಗೆ ಊಟ, ವಸತಿ, ಶಾಲೆ ದೊರೆತವು. ಕೆಲವರು ರಾಷ್ಟ್ರಮಟ್ಟದಲ್ಲಿ ಹೆಸರು ಮಾಡಿದರು. ಆ ಮಟ್ಟಿಗೆ ಯೋಜನೆ ಉಪಕಾರವನ್ನೇ ಮಾಡಿತು. ಆದರೆ 1993ರ ಹೊತ್ತಿಗೆ ಅದು ನಿಂತುಹೋಯಿತು. ಬಹುಮಂದಿ ಊರಿಗೆ ಮರಳಿದರು. ಮುಂದೆ ಬೇರೆ ಪ್ರಯತ್ನಗಳೂ ನಡೆದಿವೆ.

ಯೋಜನೆಯ ಗುಣದೋಷಗಳ ವಿಚಾರ ಇಲ್ಲಿ ಪ್ರಸ್ತುತವಲ್ಲ. ಅದರ ಹಿಂದಿನ ನೋಟ ಪ್ರಸ್ತುತವಾದುದು. ಸಿದ್ದಿ ಮಗುವಿಗೆ ಶಾಲೆ ಬೇಕು, ಮನೆಯವರಿಗೆ ಭೂಮಿಯ ಹಕ್ಕು ಬೇಕು. ಇವು ಅವರಿಗೆ ಮನುಷ್ಯರಾಗಿ ಸಲ್ಲಬೇಕಾದವು. ಅವು ದೊರೆಯುವ ಮೊದಲು ದೊರೆತದ್ದು ‘ಓಡಬಲ್ಲವರು’ ಎಂಬ ಹೊಗಳಿಕೆ. ಗುಲಾಮರನ್ನು ಕೊಳ್ಳುತ್ತಿದ್ದ ವ್ಯಾಪಾರಿಯೂ ಮೊದಲು ನೋಡುತ್ತಿದ್ದುದು ಕಾಲು, ತೋಳು, ಎದೆಯ ಹರಹುಗಳನ್ನು. ಉದ್ದೇಶಗಳು ಅಜಗಜಾಂತರವೆಂಬುದು ನಿಶ್ಚಯ. ಕ್ರೀಡಾ ಯೋಜನೆಯಲ್ಲಿ ದುಡಿದವರ ಸದುದ್ದೇಶವನ್ನು ಯಾರೂ ಶಂಕಿಸಬೇಕಾಗಿಲ್ಲ. ಆದರೂ ಒಂದು ಜನವನ್ನು ಅದರ ದೇಹಬಲದಿಂದಲೇ ಅಳೆಯುವ ರೂಢಿ ಸದುದ್ದೇಶದ ಒಳಗೂ ಅಡಗಿ ಕುಳಿತಿರಬಲ್ಲದು. ವಸಾಹತುಶಾಹಿಯ ಉಳಿಕೆಯೆಂದರೆ ಕೋಟೆ ಕೊತ್ತಲಗಳು ಮಾತ್ರವಲ್ಲ, ಇಂಥ ಕಣ್ಣಳತೆಗಳೂ ಹೌದು. ಇನ್ನು, ಓಡಲಾರದ ಸಿದ್ದಿ ಹುಡುಗನ ಗತಿಯೇನು? ಮಾರ್ಲಿ-ಗೋಮೊನಿನ ವಿಷಯದಲ್ಲಿ ಕೇಳಿದ ಪ್ರಶ್ನೆಯೇ ಇಲ್ಲಿ ನಮ್ಮೆದುರು ಬಂದು ನಿಲ್ಲುತ್ತದೆ.

ರಂಗದ ಮೇಲೆ, ತೆರೆಯ ಮೇಲೆ

ನಮ್ಮ ಕಲಾಕ್ಷೇತ್ರವು ಸಿದ್ದಿಗಳನ್ನು ಎರಡು ಬಗೆಯಲ್ಲಿ ಕಂಡಿದೆ. ಒಂದು ಬಗೆಯ ಶ್ರೇಷ್ಠ ಉದಾಹರಣೆ ‘ಕಪ್ಪು ಜನ ಕೆಂಪು ನೆರಳು’. 1980ರ ದಶಕದಲ್ಲಿ ಹೆಗ್ಗೋಡಿನ ನೀನಾಸಮ್ ಬಳಗದ ಚಿದಂಬರರಾವ್ ಜಂಬೆಯವರು ಯಲ್ಲಾಪುರದ ಬಳಿಯ ಮಂಚೀಕೇರಿಯ ಸಿದ್ದಿಗಳಿಂದ ಈ ನಾಟಕವನ್ನು ಆಡಿಸಿದರು. ಮೂಲವು ನೈಜೀರಿಯಾದ ಚಿನುವ ಅಚಿಬೆಯವರು 1958ರಲ್ಲಿ ಪ್ರಕಟಿಸಿದ ‘ಥಿಂಗ್ಸ್ ಫಾಲ್ ಅಪಾರ್ಟ್’ ಕಾದಂಬರಿ. ಇಗ್ಬೊ ಜನರ ಒಂದು ಗ್ರಾಮವು ಪಾದ್ರಿಗಳೂ ಬಿಳಿಯರ ಆಡಳಿತವೂ ಬಂದ ಬಳಿಕ ಒಡೆದುಹೋಗುವ ಕಥೆ ಅದು.

ಈ ಪ್ರಯೋಗದ ಹಿರಿಮೆಯೆಂದರೆ ಅದು ಸಿದ್ದಿಗಳಿಗೆ ಗಾಂಭೀರ್ಯವನ್ನು ಕೊಟ್ಟಿತು. ಅದುವರೆಗೆ ಅವರನ್ನು ಕೂಲಿಯಾಳುಗಳೆಂದು ಮಾತ್ರ ಕಂಡಿದ್ದ ಪ್ರೇಕ್ಷಕರು ಅವರನ್ನು ದುರಂತದ ನಾಯಕರಾಗಿ ಕಂಡರು. ಚಿತ್ರವು ಮುಚ್ಚಿಟ್ಟ ಮಾತನ್ನು, ಎಂದರೆ ಯುರೋಪಿನ ಮೊದಲ ಆಗಮನವನ್ನು, ಈ ನಾಟಕ ಎದುರಿಗಿಟ್ಟಿತು. ಮಂಚೀಕೇರಿಯಲ್ಲಿ ರಂಗಾಸಕ್ತಿ ಬೆಳೆಯಿತು. ಹಲವು ಸಿದ್ದಿ ತರುಣ ತರುಣಿಯರು ನೀನಾಸಮ್ ರಂಗಶಿಕ್ಷಣ ಕೇಂದ್ರದಲ್ಲಿ ಕಲಿತು ನಟನಟಿಯರಾದರು. ಇಷ್ಟನ್ನು ಕೃತಜ್ಞತೆಯಿಂದ ನೆನೆದ ಮೇಲೆ ಒಂದು ಸಂದೇಹವನ್ನೂ ಹೇಳಬೇಕು. ಸಿದ್ದಿಗಳ ಮೂಲ ಆಫ್ರಿಕಾದ ಪೂರ್ವ ತೀರ, ಇಗ್ಬೊ ಜನರದು ಪಶ್ಚಿಮ. ಇವರನ್ನು ತಂದವರು ಪೋರ್ತುಗೀಸರು, ಅವರನ್ನು ಆಳಿದವರು ಇಂಗ್ಲಿಷರು. ನಡುವೆ ಒಂದು ಖಂಡದ ಅಗಲವಿದೆ. ಮೈಬಣ್ಣದ ಹೊರತು ಅವರನ್ನು ಕೂಡಿಸುವ ನೇರವಾದ ಚರಿತ್ರೆ ಇಲ್ಲ. ಸಿದ್ದಿ ರಂಗಕ್ಕೆ ಬಂದಾಗ ಅವನು ಆಫ್ರಿಕಾದವನಾಗಿಯೇ ಬರಬೇಕೆಂಬ ನಿರೀಕ್ಷೆ, ಎಷ್ಟೇ ಗೌರವದಿಂದ ಕೂಡಿದ್ದರೂ, ಅವನನ್ನು ಈ ನೆಲದಿಂದ ಒಂದು ಹೆಜ್ಜೆ ದೂರ ನಿಲ್ಲಿಸುತ್ತದೆ. ಆಫ್ರಿಕಾದ ನೆನಪು ಬೇಕೆ ಬೇಡವೆ, ಎಷ್ಟು ಬೇಕು ಎಂಬುದು ಸಿದ್ದಿಗಳೇ ನಿಶ್ಚಯಿಸಬೇಕಾದ ವಿಷಯ.

ಎರಡನೆಯ ಬಗೆ ನಮ್ಮ ಚಲನಚಿತ್ರ ಮತ್ತು ಕಿರುತೆರೆಗಳ ಹಾಸ್ಯದ್ದು. ಯೋಗರಾಜ ಭಟ್ಟರ ‘ಪರಮಾತ್ಮ’ (2011) ಚಿತ್ರದ ಬಳಿಕ ಪ್ರಶಾಂತ ಸಿದ್ದಿಯವರಂಥ ನಟರು ಜನರಿಗೆ ಪರಿಚಿತರಾದರು. ಕಿರುತೆರೆಯ ಹಾಸ್ಯ ಕಾರ್ಯಕ್ರಮಗಳಲ್ಲೂ ಸಿದ್ದಿ ಕಲಾವಿದರು ಕಾಣಿಸಿಕೊಂಡರು. ತರಬೇತಿ ಪಡೆದ ನಟರಿಗೆ ಕೆಲಸ ದೊರೆತದ್ದು ಸಂತೋಷದ ಸಂಗತಿ. ಆದರೆ ಇಂಥ ಹಾಸ್ಯದಲ್ಲಿ ಹಲವು ಸಲ ಬಳಕೆಯಾಗುವ ಒಂದು ಯುಕ್ತಿಯನ್ನು ಪರೀಕ್ಷಿಸಬೇಕು. ಆಫ್ರಿಕಾದವನಂತೆ ಕಾಣುವ ವ್ಯಕ್ತಿ ಬರುತ್ತಾನೆ. ಎದುರಿಗಿರುವವನು ಹರಕುಮುರುಕು ಇಂಗ್ಲಿಷಿನಲ್ಲಿ ಮಾತನಾಡಿಸುತ್ತಾನೆ. ಬಂದವನು ಅಚ್ಚ ಕನ್ನಡದಲ್ಲಿ ಉತ್ತರ ಕೊಡುತ್ತಾನೆ. ಸಭೆ ಗೊಳ್ಳೆಂದು ನಗುತ್ತದೆ.

ಈ ನಗೆ ಯಾವ ಜಾತಿಯದು? ಅದನ್ನು ಬಿಡಿಸಿ ನೋಡಿದರೆ ಒಳಗೆ ಎರಡು ನಗೆಗಳಿವೆ. ಮೋಸಹೋದವನು ಇಂಗ್ಲಿಷಿನಲ್ಲಿ ತೊದಲಿದವನು ಎಂಬ ಅರಿವಿನಿಂದ ನಕ್ಕರೆ, ಆ ನಗೆ ನಮ್ಮ ಅಜ್ಞಾನದ ಮೇಲೆ ನಾವೇ ನಗುವುದು. ಮಾರ್ಲಿ-ಗೋಮೊನ್ ಚಿತ್ರದ ಮೊದಲರ್ಧದ ನಗೆ ಇಂಥದೇ, ಅದರಲ್ಲಿ ಸತ್ಯವಿದೆ. ‘ಇಂಥ ಮೈಯಿಂದ ಇಂಥ ಕನ್ನಡವೇ!’ ಎಂಬ ಬೆರಗಿನಿಂದ ನಕ್ಕರೆ, ಆ ನಗೆ ಅಸತ್ಯದ್ದು. ಏಕೆಂದರೆ ಅದು ಸಿದ್ದಿಯ ಕನ್ನಡವನ್ನು ಅಚ್ಚರಿಯೆಂದು ಸಾರುತ್ತದೆ. ಯಲ್ಲಾಪುರದ ಸಿದ್ದಿ ಕನ್ನಡ ಆಡುವುದು ಯಲ್ಲಾಪುರದ ಹವ್ಯಕರು ಕನ್ನಡ ಆಡುವಷ್ಟೇ ಸಹಜ. ಇದು ಕೇವಲ ಒರಟುತನವಲ್ಲ, ವಸ್ತುಸ್ಥಿತಿಗೆ ವಿರುದ್ಧವಾದ ಮಾತು. ದುರ್ದೈವದಿಂದ ಇಂಥ ದೃಶ್ಯಗಳು ಬಹುಮಟ್ಟಿಗೆ ಈ ಎರಡನೆಯ ನಗೆಯನ್ನೇ ಬಯಸುತ್ತವೆ. ಮೊದಲನೆಯ ನಗೆಗೆ ಪ್ರೇಕ್ಷಕ ತನ್ನನ್ನು ಸ್ವಲ್ಪ ತಗ್ಗಿಸಿಕೊಳ್ಳಬೇಕಾಗುತ್ತದೆ, ಎರಡನೆಯದಕ್ಕೆ ಆ ಶ್ರಮವಿಲ್ಲ.

ಇದನ್ನು ಅತಿಯಾದ ಸೂಕ್ಷ್ಮವೆನ್ನುವವರು ಬೀದಿಯ ಕಡೆಗೆ ನೋಡಲಿ. ತೆರೆಯ ಮೇಲಿನ ಈ ದೃಶ್ಯವನ್ನು ಸಿದ್ದಿ ತರುಣರು ನಿತ್ಯಜೀವನದಲ್ಲಿ ಅನುಭವಿಸುತ್ತಾರೆ. ಬೆಂಗಳೂರಿಗೆ ಓದಲು, ದುಡಿಯಲು ಹೋದವರನ್ನು ‘ಯಾವ ದೇಶ’ ಎಂದು ಕೇಳುತ್ತಾರೆ. ಕನ್ನಡದಲ್ಲಿ ಉತ್ತರಿಸಿದರೆ ನಗುತ್ತಾರೆ. ಆ ಪ್ರಶ್ನೆಯೂ ಆ ನಗೆಯೂ ಸೇರಿ ಒಬ್ಬ ಕನ್ನಡಿಗನಿಗೆ ‘ನೀನು ಇಲ್ಲಿಯವನಲ್ಲ’ ಎಂದು ಹೇಳಿದಂತಾಗುತ್ತದೆ. ಫ್ರೆಂಚ್ ಚಿತ್ರ ತೆರೆಕಂಡ 2016ರ ಜನವರಿ ಕೊನೆಯಲ್ಲೇ ಬೆಂಗಳೂರಿನಲ್ಲಿ ಒಂದು ದುಃಖದ ಘಟನೆ ನಡೆಯಿತು. ಸುಡಾನಿನವನೊಬ್ಬ ಓಡಿಸುತ್ತಿದ್ದ ಕಾರು ಬಡಿದು ಸ್ಥಳೀಯ ಮಹಿಳೆಯೊಬ್ಬರು ಮೃತರಾದರು. ಕೆರಳಿದ ಗುಂಪು ಆ ಅಪಘಾತಕ್ಕೆ ಏನೇನೂ ಸಂಬಂಧವಿಲ್ಲದೆ ಬಳಿಕ ಆ ದಾರಿಯಲ್ಲಿ ಬಂದ ತಾಂಜಾನಿಯಾದ ವಿದ್ಯಾರ್ಥಿನಿಯ ಮೇಲೆ ಹಲ್ಲೆ ನಡೆಸಿತು. ಸುಡಾನ್ ಬೇರೆ, ತಾಂಜಾನಿಯಾ ಬೇರೆ. ಆದರೆ ಕಪ್ಪು ಮೈಗಳೆಲ್ಲ ಒಂದೇ ಎಂದು ಕಾಣುವ ಕಣ್ಣಿಗೆ ಈ ವ್ಯತ್ಯಾಸ ತೋರಲಿಲ್ಲ. ಹಾಸ್ಯ ಕಾರ್ಯಕ್ರಮಗಳು ಆ ಹಲ್ಲೆಗೆ ಕಾರಣವೆಂದು ಹೇಳುವುದು ಅನ್ಯಾಯದ ಮಾತಾದೀತು. ಆದರೆ ಬಣ್ಣದಿಂದ ಊರನ್ನು ಊಹಿಸುವ ರೂಢಿ ಎರಡಕ್ಕೂ ಸಮಾನವಾದುದು; ಅದು ನಗುವ ಸಮಯದಲ್ಲಿ ನಗಿಸುತ್ತದೆ, ಕೆರಳಿದ ಸಮಯದಲ್ಲಿ ಕೈಯೆತ್ತಿಸುತ್ತದೆ.

ಹೊಸಬರು ಯಾರು?

ಇಲ್ಲಿ ಮಲ್ಲಾಪುರದ ಉದಾಹರಣೆಯೇ ಒಂದು ಪಾಠವನ್ನು ಕಲಿಸಬಲ್ಲದು. ಕೈಗಾ ಅಣುವಿದ್ಯುತ್ ಕೇಂದ್ರದ ವಸತಿನಗರ ಇರುವುದು ಇಲ್ಲಿ. ತಲಾ 220 ಮೆಗಾವಾಟಿನ ನಾಲ್ಕು ಘಟಕಗಳಲ್ಲಿ ಎರಡು 2000ದಲ್ಲೂ ಮೂರನೆಯದು 2007ರಲ್ಲೂ ನಾಲ್ಕನೆಯದು 2011ರಲ್ಲೂ ಉತ್ಪಾದನೆಗೆ ತೊಡಗಿದವು. ದೇಶದ ನಾನಾ ಪ್ರಾಂತಗಳಿಂದ ಅಧಿಕಾರಿಗಳೂ ತಂತ್ರಜ್ಞರೂ ಬಂದು ನೆಲೆಸಿದರು. ಅವರಲ್ಲಿ ಕನ್ನಡ ಬಲ್ಲವರೂ ಇದ್ದರು, ಬಾರದವರೂ ಇದ್ದರು. ಅದೇ ಕಾಳಿ ಕೊಳ್ಳದಲ್ಲಿ ಕದ್ರಾ ಅಣೆಕಟ್ಟಿನಂಥ ಯೋಜನೆಗಳಿಗಾಗಿ ಹಳಬರು ಊರು ಬಿಟ್ಟರು. ಬಂದವರನ್ನು ಯಾರೂ ‘ನಿಮ್ಮ ಅರ್ಹತೆ ತೋರಿಸಿ, ಆಮೇಲೆ ಊರಿನವರೆನ್ನುತ್ತೇವೆ’ ಎಂದು ಕೇಳಲಿಲ್ಲ. ಅವರ ಕನ್ನಡವಿಲ್ಲದ ಮಾತನ್ನು ಸಭೆಯಲ್ಲಿ ನಗೆಯಾಗಿಸಲೂ ಇಲ್ಲ. ಇದು ಸರಿಯಾದ ನಡತೆಯೇ. ಬಂದ ನೌಕರರ ಮೇಲೆ ಇಲ್ಲಿ ಯಾವ ದೂರೂ ಇಲ್ಲ. ಪ್ರಶ್ನೆ ಇಷ್ಟೆ: ನಿನ್ನೆ ಬಂದವನಿಗೆ ಬೇಡವಾದ ಪರೀಕ್ಷೆ ಶತಮಾನಗಳ ಹಿಂದೆ ಬಂದವನಿಗೆ ಏಕೆ ಬೇಕು?

ಉತ್ತರ ಕಹಿಯಾದುದು. ನಾವು ‘ಹೊರಗಿನವನು’ ಎಂದು ಕರೆಯುವುದು ದೂರದಿಂದ ಬಂದವನನ್ನಲ್ಲ, ಬಲವಿಲ್ಲದವನನ್ನು. ಸಂಬಳ, ಅಧಿಕಾರ, ಮೈಬಣ್ಣಗಳ ಅನುಕೂಲವಿದ್ದರೆ ಹೊಸಬನೂ ಕೂಡಲೇ ಊರಿನ ಹಿರಿಯನಾಗುತ್ತಾನೆ. ಇವು ಇಲ್ಲದಿದ್ದರೆ ಹಳಬನೂ ಹೊಸಬನಾಗಿಯೇ ಉಳಿಯುತ್ತಾನೆ. ಸಿದ್ದಿಯನ್ನು ಕಂಡು ‘ಆಫ್ರಿಕಾ’ ಎಂದು ನಗುವ ನಗೆಯು ಭೂಗೋಳವನ್ನು ಕುರಿತದ್ದೆಂದು ತೋರುತ್ತದೆ. ವಾಸ್ತವದಲ್ಲಿ ಅದು ಅಂತಸ್ತನ್ನು ಕುರಿತದ್ದು.

ಹಾಗಾದರೆ ಈ ವಿಷಯದಲ್ಲಿ ನಗೆಯನ್ನೇ ತ್ಯಜಿಸಬೇಕೆ? ಯತಿಗಳಿಗೆ ಅದು ಸಾಧ್ಯವಾದೀತು. ಸಂಸಾರಿಗಳ ಸಮಾಜಕ್ಕೆ ನಗೆ ಬೇಕು. ಸತ್ಯವಾದ ನಗೆಯ ಮಾದರಿ ನಮ್ಮ ಜಿಲ್ಲೆಯ ಯಕ್ಷಗಾನದಲ್ಲಿಯೇ ಇದೆ. ಹಾಸ್ಯಗಾರನು ಕೆಳಗಿನವನ ವೇಷದಲ್ಲಿ ಬಂದು, ಮೇಲಿನವರ ದೊಡ್ಡಸ್ತಿಕೆಯನ್ನು ಊರಿನ ಆಡುಮಾತಿನಲ್ಲಿ ಚುಚ್ಚುತ್ತಾನೆ. ಸಭೆ ಅವನೊಡನೆ ನಗುತ್ತದೆ, ಅವನನ್ನು ನಗುವುದಿಲ್ಲ. ರಾಜನ ಮುಖ ನೋಡಿ ಮಾತನಾಡುವ ಸ್ವಾತಂತ್ರ್ಯ ಆ ಪಾತ್ರಕ್ಕಿದೆ. ಮಾರ್ಲಿ-ಗೋಮೊನ್ ಚಿತ್ರದ ಕೊನೆಯಲ್ಲೂ ಇಂಥದೊಂದು ಕ್ಷಣವಿದೆ. ಊರಿನ ಶಾಲೆಯ ಮಕ್ಕಳು ದೊಡ್ಡವರ ವರ್ತನೆಯನ್ನು ದೊಡ್ಡವರೆದುರೇ ನಾಟಕವಾಡಿ ತೋರಿಸುತ್ತಾರೆ. ಅಲ್ಲಿ ವೈದ್ಯ ಹೆರಿಗೆ ಮಾಡಿಸಬೇಕಾಗಿಲ್ಲ, ಮಗಳು ಚೆಂಡನ್ನು ಒದೆಯಬೇಕಾಗಿಲ್ಲ. ಊರು ತನ್ನನ್ನು ತಾನು ಕಂಡು ನಾಚುತ್ತದೆ, ಆ ನಾಚಿಕೆಯಲ್ಲಿಯೇ ನಗುತ್ತದೆ. ಇಡೀ ಚಿತ್ರದಲ್ಲಿ ಹೆಚ್ಚು ನಿಜವಾದ ಸ್ವಾಗತ ಅದು. ಸೆಯೋಲೋ ಝಾಂಟೊಕೊ ಅನೇಕ ವರ್ಷ ಅದೇ ಸೀಮೆಯಲ್ಲಿ ವೈದ್ಯವೃತ್ತಿ ನಡೆಸಿ 2009ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಕಥೆಯನ್ನು ಜಗತ್ತಿಗೆ ಹೇಳುವ ಕೆಲಸ ಮಗನಿಗೆ ಬಂತು.

ನಮ್ಮಲ್ಲಿ ಇನ್ನೂ ಬರಬೇಕಾದದ್ದು ಈ ಬಗೆಯ ಹಾಸ್ಯ. ಸಿದ್ದಿಗಳಲ್ಲಿ ಈಗ ನುರಿತ ನಟರಿದ್ದಾರೆ, ಹಾಡುಗಾರರಿದ್ದಾರೆ, ಪದವೀಧರರಿದ್ದಾರೆ. ಅವರ ಕಣ್ಣಿನಿಂದ ನೋಡಿದರೆ ನಗಲು ವಸ್ತುವಿಗೇನೂ ಕೊರತೆಯಿರದು. ತೋಟದ ಒಡೆಯರಿದ್ದಾರೆ, ಕಾಡಿನ ಅಧಿಕಾರಿಗಳಿದ್ದಾರೆ, ವರ್ಷಕ್ಕೊಮ್ಮೆ ಛಾಯಾಗ್ರಾಹಕರೊಡನೆ ಬಂದು ‘ಕುಣಿಯಿರಿ’ ಎನ್ನುವ ಸಂಶೋಧಕರಿದ್ದಾರೆ, ಇಂಥ ಲೇಖನ ಬರೆಯುವವರೂ ಇದ್ದಾರೆ. ಆ ನಾಟಕವನ್ನು ಅವರು ಬರೆದು, ಅವರೇ ಆಡಿ, ನಮ್ಮನ್ನು ಮುಂದಿನ ಸಾಲಿನಲ್ಲಿ ಕೂರಿಸಿದ ದಿನ, ನಾವು ಕೋಪಗೊಳ್ಳದೆ ನಗಬಲ್ಲೆವಾದರೆ ನಮ್ಮ ನಗೆ ಉತ್ತಮರ ನಗೆಯೆನಿಸೀತು. ಅದುವರೆಗೆ ಸಜ್ಜನರಾದ ಓದುಗರು ಮಾಡಬಹುದಾದ ಸಣ್ಣ ಕೆಲಸವೊಂದಿದೆ. ತೆರೆಯ ಮೇಲೆ ಇಂಥ ದೃಶ್ಯ ಬಂದು ಮನೆಯವರೆಲ್ಲ ನಕ್ಕಾಗ, ಪಕ್ಕದಲ್ಲಿ ಕುಳಿತ ಮಕ್ಕಳಿಗೆ ‘ಆತ ನಮ್ಮ ಯಲ್ಲಾಪುರದ ಕಡೆಯವರು’ ಎಂದು ತಿಳಿಸಿ ಹೇಳಬೇಕು. ಮಕ್ಕಳು ಆಗಲೂ ನಕ್ಕರೆ, ಏಕೆ ನಕ್ಕೆವೆಂದು ಅವರು ಒಮ್ಮೆಯಾದರೂ ಯೋಚಿಸುವರು.